‘ಬಾಕಿ’ಯೋ ‘ಕಟಬಾಕಿ’ಯೋ: ತಡವಾಗಿ ಬಂದ ವಿದ್ಯುತ್ ಬಿಲ್ಲಿಗೆ ಯಾವ ಪದ?

ಮಾನ್ಯರೆ,

ವಿದ್ಯುತ್ ಬಳಕೆದಾರರ ಹಕ್ಕುಗಳನ್ನು ಕುರಿತ ಕಿರುಹೊತ್ತಗೆಯೊಂದನ್ನು ಸಿದ್ಧಪಡಿಸುತ್ತಿರುವ ನಾನು, 2003ರ ವಿದ್ಯುಚ್ಛಕ್ತಿ ಕಾಯ್ದೆಯ 56(2)ನೇ ಪ್ರಕರಣದಲ್ಲಿರುವ ‘ಫಸ್ಟ್ ಡ್ಯೂ’ ಎಂಬ ಎರಡು ಪದಗಳ ಬಳಿ ನಿಂತುಬಿಟ್ಟಿದ್ದೇನೆ. ಹಣವು ‘ಫಸ್ಟ್ ಡ್ಯೂ’ ಆದ ದಿನದಿಂದ ಎರಡು ವರ್ಷ ಕಳೆದಿದ್ದು, ಅದನ್ನು ಬಿಲ್ಲುಗಳಲ್ಲಿ ಎಡೆಬಿಡದೆ ಬಾಕಿಯೆಂದು (ಇಂಗ್ಲಿಷಿನಲ್ಲಿ ‘ಅರಿಯರ್ಸ್’) ತೋರಿಸುತ್ತ ಬಂದಿಲ್ಲವಾದರೆ ವಸೂಲು ಮಾಡುವಂತಿಲ್ಲ, ಸಂಪರ್ಕವನ್ನೂ ಕಡಿಯುವಂತಿಲ್ಲ ಎಂಬುದು ಅದರ ಸಾರ. ಮೊದಲ ಕರಡಿನಲ್ಲಿ ‘ಮೊದಲು ಬಾಕಿಯಾದ ದಿನ’ ಎಂದು ಬರೆದಿದ್ದೆ. ಅದನ್ನು ಓದಿದ ನೆರೆಯ ಹಿಟ್ಟಿನ ಗಿರಣಿಯವರು, ತಿಂಗಳು ತಿಂಗಳು ಕಟ್ಟಿದ ರಸೀದಿಗಳ ಕಟ್ಟನ್ನೇ ಮೇಜಿನ ಮೇಲಿಟ್ಟು, “ಬಿಲ್ಲೇ ಕೊಡದ ಹಣ ಬಾಕಿ ಹೇಗಾಗುತ್ತದೆ ಸ್ವಾಮಿ?” ಎಂದು ಕೇಳಿದರು.

ಸರ್ವೋಚ್ಚ ನ್ಯಾಯಾಲಯದ ಮುಂದೆಯೂ ಹೆಚ್ಚುಕಡಿಮೆ ಇದೇ ಪ್ರಶ್ನೆ ಇತ್ತು. ಅಜ್ಮೀರ್ ವಿದ್ಯುತ್ ವಿತರಣ ನಿಗಮದ ಮೊಕದ್ದಮೆಯಲ್ಲಿ, 2009ರ ಜುಲೈಯಿಂದ 2011ರ ಸೆಪ್ಟೆಂಬರ್‌ವರೆಗೆ ತಪ್ಪು ದರಸೂಚಿಯಲ್ಲಿ ಬಿಲ್ಲು ಮಾಡಿದ್ದ ನಿಗಮವು 2014ರ ಮಾರ್ಚಿನಲ್ಲಿ ವ್ಯತ್ಯಾಸದ ಹಣ ಕೇಳಿತ್ತು. 2020ರ ಫೆಬ್ರುವರಿಯ ತೀರ್ಪು ಎರಡು ಗಳಿಗೆಗಳನ್ನು ಬೇರ್ಪಡಿಸಿತು: ವಿದ್ಯುತ್ತನ್ನು ಬಳಸಿದೊಡನೆ ಹೊಣೆ ಹುಟ್ಟುತ್ತದೆ, ಆದರೆ ಹಣ ‘ಫಸ್ಟ್ ಡ್ಯೂ’ ಆಗುವುದು ಬಿಲ್ಲು ಕೊಟ್ಟ ಮೇಲೆ. ಪ್ರಾಮಾಣಿಕ ತಪ್ಪಿನಿಂದ ಬಿಟ್ಟುಹೋದ ಹಣವನ್ನು ಎರಡು ವರ್ಷದ ಬಳಿಕವೂ ಕೇಳಬಹುದು, ಆದರೆ ಅದಕ್ಕಾಗಿ ಸಂಪರ್ಕ ಕಡಿಯುವಂತಿಲ್ಲ ಎಂದೂ ಅದು ಹೇಳಿತು.

ನಮ್ಮ ‘ಬಾಕಿ’ ಈ ಎರಡು ಗಳಿಗೆಗಳನ್ನೂ ಒಂದೇ ಬಾಯಿಗೆ ನುಂಗುತ್ತದೆ. ಹತ್ತರಲ್ಲಿ ನಾಲ್ಕು ಕಳೆದರೆ ಉಳಿಯುವ ಆರೂ ಬಾಕಿ, ಮುಗಿಯದ ಕೆಲಸವೂ ಬಾಕಿ, ಕೊಡದೆ ಉಳಿಸಿಕೊಂಡ ಸಾಲವೂ ಬಾಕಿ. ಬಿಲ್ಲಿನಲ್ಲಿ ಮಾತ್ರ ಅದಕ್ಕೆ ಕೊಡದೆ ತಪ್ಪಿಸಿಕೊಂಡವನೆಂಬ ಆರೋಪದ ವಾಸನೆ ಅಂಟುತ್ತದೆ. ಸಹಕಾರ ಸಂಘಗಳ ಲೆಕ್ಕದವರು ಈ ವಿಷಯದಲ್ಲಿ ನಮಗಿಂತ ಜಾಣರು: ಇನ್ನೂ ತೀರಬೇಕಾದ ಸಾಲ ಅವರಿಗೆ ‘ಬಾಕಿ’, ವಾಯಿದೆ ಮೀರಿದ ಕಂತು ‘ಸುಸ್ತಿ’ ಅಥವಾ ‘ಕಟಬಾಕಿ’. ವಾಯಿದೆಯೇ ಇಲ್ಲದಲ್ಲಿ ಸುಸ್ತಿದಾರನೂ ಇಲ್ಲ. ಗಿರಣಿಯವರ ಸಿಟ್ಟಿನಲ್ಲಿದ್ದ ನ್ಯಾಯವೂ ಇದೇ. ಆದ್ದರಿಂದ ಕಾಯ್ದೆಯ ‘ಅರಿಯರ್ಸ್’ಗೆ ‘ಕಟಬಾಕಿ’ಯನ್ನು ಇಟ್ಟುಕೊಂಡು, ‘ಫಸ್ಟ್ ಡ್ಯೂ’ಗೆ ಬೇರೊಂದು ಮಾತು ಹುಡುಕುವುದು ವಾಸಿ ಎಂದು ನನ್ನ ಅನಿಸಿಕೆ.

‘ಕೊಯ್ಲಿಗೆ ಬಂದ ಪೈರು’ ಎನ್ನುವಂತೆ ‘ಸಂದಾಯಕ್ಕೆ ಬಂದ ಹಣ’ ಎಂದರೆ ಹೇಗೆ? ಯಾರೋ ಹಣ ಕಟ್ಟಲು ಬಂದರೆಂಬ ಅರ್ಥ ಇಣುಕುತ್ತದೆಂದು ಮಿತ್ರರೊಬ್ಬರು ಆಕ್ಷೇಪಿಸಿದ್ದಾರೆ. ಅವರೇ ಸೂಚಿಸಿದ ‘ಮೊದಲಿಗೆ ಸಲ್ಲತಕ್ಕದ್ದಾದ’ ಎಂಬುದು ಖಚಿತವಾಗಿದೆಯಾದರೂ ಅದನ್ನು ಗಿರಣಿಯವರ ಮುಂದೆ ಓದುವ ಧೈರ್ಯ ನನಗಿಲ್ಲ.

ಇನ್ನೊಂದು ತೊಡಕು ಅದೇ ಸರ್ವೋಚ್ಚ ನ್ಯಾಯಾಲಯದ 2021ರ ಪ್ರೇಮ್ ಕಾಟೆಕ್ಸ್ ತೀರ್ಪಿನದು. ಅಲ್ಲಿ ಮೀಟರಿನ ಗುಣಕವನ್ನು (ಮೀಟರು ತೋರಿಸುವ ಅಂಕಿಯನ್ನು ಗುಣಿಸಬೇಕಾದ ಸಂಖ್ಯೆಯನ್ನು) 10ರ ಬದಲು 5 ಎಂದು ನಮೂದಿಸಿದ್ದರಿಂದ ಕಡಿಮೆ ಬಿಲ್ಲು ಬಂದಿತ್ತು. ಆ ಹಣವನ್ನು ಆಮೇಲೆ ಕೇಳುವುದು ಸೇವಾನ್ಯೂನತೆಯಲ್ಲ, ಅದು ‘ಎಸ್ಕೇಪ್ಡ್ ಅಸೆಸ್‌ಮೆಂಟ್’ ಎಂದು ನ್ಯಾಯಾಲಯ ಹೇಳಿತು. ‘ತಪ್ಪಿಸಿಕೊಂಡ’ ಎಂದು ಬರೆದರೆ ತಪ್ಪು ಬಳಕೆದಾರನ ತಲೆಗೆ ಬರುತ್ತದೆ. ‘ಲೆಕ್ಕಕ್ಕೆ ಬಾರದೆ ಉಳಿದ ಮೊತ್ತ’ ಎಂಬುದು ಉದ್ದವಾದರೂ ಯಾರನ್ನೂ ದೂರುವುದಿಲ್ಲ.

ಹೀಗೆ ತಡವಾಗಿ ಹಣ ಕೇಳುವ ಪತ್ರವನ್ನು ‘ಬೇಡಿಕೆ ನೋಟಿಸು’ ಎನ್ನುವುದು ರೂಢಿ. ‘ತಗಾದೆ’ ಎಂಬ ಹಳೆಯ ಮಾತಿಗೆ ಹಣಕ್ಕಾಗಿ ಒತ್ತಾಯಿಸುವುದು, ಜಗಳ ಎರಡೂ ಅರ್ಥವಿರುವುದರಿಂದ ನನಗೆ ಅದರ ಮೇಲೆ ಮೋಹ. ತಮ್ಮ ಕಡೆಯ ಕೋರ್ಟು, ಸೊಸೈಟಿಗಳ ಕಾಗದಪತ್ರಗಳಲ್ಲಿ ‘ತಗಾದೆ’ ಇನ್ನೂ ಮೊದಲ ಅರ್ಥದಲ್ಲಿ ಚಾಲ್ತಿಯಲ್ಲಿದೆಯೇ, ಅಥವಾ ಜಗಳವಷ್ಟೇ ಉಳಿದಿದೆಯೇ ಎಂಬುದನ್ನು ಬಲ್ಲವರು ತಿಳಿಸಬೇಕೆಂದು ಕೋರುತ್ತೇನೆ.