ಡಿಎಲ್‌ಎಲ್ ‘ಕಾಣೆಯಾಗಿದೆ’ಯೋ, ‘ಸಿಗಲಿಲ್ಲ’ವೋ?

ಎಲ್ಲರಿಗೂ ನಮಸ್ಕಾರ.

ಗೋಣಿಕೊಪ್ಪಲಿನಲ್ಲಿ ಕಂಪ್ಯೂಟರ್ ಕಲಿಯುವವರಿಗಾಗಿ ಕನ್ನಡದಲ್ಲಿ ಒಂದು ಸಣ್ಣ ಕೈಪಿಡಿ ಬರೆಯುತ್ತಿದ್ದೇನೆ. ಅದರಲ್ಲಿ ಡಿಎಲ್‌ಎಲ್ ತೊಂದರೆಗಳಿಗೆ ಒಂದು ಪುಟ ಇದೆ. ಶೇರ್ಡ್, ಲೈಬ್ರರಿ, ಮಿಸ್ಸಿಂಗ್ ಎಂಬ ಮೂರು ಪದಗಳಿಗೆ ಅಲ್ಲಿ ಏನು ಬರೆಯುವುದು ಎಂದು ಕೇಳೋಣ ಅಂತ ಈ ಪತ್ರ. ಮೊದಲ ಎರಡು ಹೇಗೋ ಆಗುತ್ತವೆ. ಮೂರನೆಯದೇ ತಲೆನೋವು.

ವಿಷಯ ಗೊತ್ತಿಲ್ಲದವರಿಗೆ ಒಂದು ಮಾತು. ವಿಂಡೋ ತೆರೆಯುವುದು, ಅಕ್ಷರ ಮೂಡಿಸುವುದು, ಇಂಥ ಕೆಲಸ ಎಲ್ಲ ಪ್ರೋಗ್ರಾಂಗಳಿಗೂ ಬೇಕು. ಅದರ ಕೋಡನ್ನು ಒಂದೊಂದರ ಹೊಟ್ಟೆಯಲ್ಲೂ ತುಂಬುವ ಬದಲು ಬೇರೆ ಫೈಲಿನಲ್ಲಿ ಇಡುತ್ತಾರೆ. ಪ್ರೋಗ್ರಾಂ ಓಡುವಾಗ ಆ ಫೈಲನ್ನು ಹುಡುಕಿ ಜೊತೆಗೆ ಸೇರಿಸಿಕೊಳ್ಳುತ್ತದೆ. ಇಂಥ ಫೈಲಿಗೆ ಇಂಗ್ಲಿಷಿನಲ್ಲಿ ಶೇರ್ಡ್ ಲೈಬ್ರರಿ ಎನ್ನುತ್ತಾರೆ. ವಿಂಡೋಸ್‌ನಲ್ಲಿ ಇದು ಡಿಎಲ್‌ಎಲ್, ಲಿನಕ್ಸ್‌ನಲ್ಲಿ ಎಸ್‌ಒ, ಮ್ಯಾಕ್‌ನಲ್ಲಿ ಡೈಲಿಬ್.

ಶೇರ್ಡ್ ಎಂಬುದಕ್ಕೆ ‘ಹಂಚಿದ’, ‘ಹಂಚಿಕೆಯ’ ಎಂದು ಬರೆಯುವುದನ್ನು ನೋಡಿದ್ದೇನೆ. ನನಗೆ ಒಗ್ಗುವುದಿಲ್ಲ. ಹಂಚುವುದು ಎಂದರೆ ಪಾಲು ಮಾಡುವುದು ಅಲ್ವಾ? ಹಂಚಿದ ಮೇಲೆ ನನ್ನದು ನನಗೆ, ನಿಮ್ಮದು ನಿಮಗೆ. ಇಲ್ಲಿ ಆಗುವುದು ಅದಲ್ಲ. ನಮ್ಮ ಕೊಡಗಿನ ಕಡೆ ಐನ್‌ಮನೆ, ಅಂದರೆ ಹಿರಿಯರ ಮೂಲಮನೆ, ಇಡೀ ಒಕ್ಕದ್ದು (ಮನೆತನದ್ದು). ಒಕ್ಕದವರು ಬೇರೆ ಬೇರೆ ಕಡೆ ಮನೆ ಮಾಡಿಕೊಂಡಿದ್ದರೂ ಅದು ಎಲ್ಲರದೂ ಆಗಿಯೇ ಉಳಿಯುತ್ತದೆ. ಅದನ್ನು ‘ಹಂಚಿದ ಮನೆ’ ಎಂದರೆ ಅರ್ಥವೇ ತಿರುಗಿಬೀಳುತ್ತದೆ. ಡಿಎಲ್‌ಎಲ್ ಕೂಡ ಹಾಗೆ ಒಟ್ಟಾಗಿ ಬಳಸುವ ಫೈಲು. ಕೂಡುಕುಟುಂಬದಲ್ಲಿರುವ ‘ಕೂಡು’ ಇಲ್ಲಿಗೆ ಹೊಂದೀತು ಅನಿಸುತ್ತದೆ. ಓಡುವಾಗ ಕೂಡಿಕೊಳ್ಳುವುದು ಎಂಬ ಅರ್ಥವೂ ಅದರಲ್ಲಿ ಸಿಗುತ್ತದೆ, ಅದು ಲಾಭ.

ಲೈಬ್ರರಿಗೆ ‘ಗ್ರಂಥಾಲಯ’ ಬೇಡವೇ ಬೇಡ. ಓದುಗ ಪುಸ್ತಕ ಹುಡುಕಿಕೊಂಡು ಹೋದಾನು. ‘ಕಣಜ’ ಚೆನ್ನಾಗಿದೆ, ‘ಭಂಡಾರ’ವೂ ಆದೀತು. ಆದರೆ ಪರದೆಯ ಮೇಲೆ ಬರುವುದು ಡಿಎಲ್‌ಎಲ್ ಎಂದೇ. ಹಾಗಾಗಿ ಕೈಪಿಡಿಯಲ್ಲಿ ಡಿಎಲ್‌ಎಲ್ ಎಂದೇ ಇಟ್ಟು, ಮೊದಲ ಸಲ ಬಂದಾಗ ಮಾತ್ರ ‘ಕೂಡುಕಣಜ’ ಎಂದು ವಿವರಿಸುವ ಯೋಚನೆ.

ಈಗ ಮಿಸ್ಸಿಂಗ್. ‘ಕಾಣೆಯಾಗಿದೆ’ ಎಂದು ಬರೆದುಬಿಟ್ಟರೆ ಸುಲಭ. ಆದರೆ ಕಾಣೆಯಾಗಿದೆ ಎಂದರೆ ಮೊದಲು ಇತ್ತು, ಈಗ ಇಲ್ಲ ಎಂದಾಗುತ್ತದೆ. ಓದಿದವರು ಏನು ಮಾಡುತ್ತಾರೆ? ಹೋದ ಫೈಲನ್ನು ಎಲ್ಲಿಂದಲಾದರೂ ತಂದು ಹಾಕೋಣ ಎಂದು ಹೊರಡುತ್ತಾರೆ. ಡಿಎಲ್‌ಎಲ್ ಪುಕ್ಕಟೆ ಕೊಡುವ ಯಾವುದೋ ಸೈಟಿನಿಂದ ಇಳಿಸಿ, ವಿಂಡೋಸ್ ತನ್ನ ಫೈಲುಗಳನ್ನು ಇಡುವ ಸಿಸ್ಟಮ್32 ಫೋಲ್ಡರಿನೊಳಗೆ ತುರುಕುತ್ತಾರೆ. ಅದು ಬೇರೆ ಆವೃತ್ತಿಯದಾಗಿರಬಹುದು, ವೈರಸ್ ತುಂಬಿದ್ದೂ ಆಗಿರಬಹುದು.

ವಿಂಡೋಸ್‌ನ ಇಂಗ್ಲಿಷ್ ಸಂದೇಶವೇ ಬದಲಾಗಿದೆ ನೋಡಿ. ವಿಂಡೋಸ್ 7ರಲ್ಲಿ ಬರುತ್ತಿದ್ದ ಮಾತಿನ ಅರ್ಥ: ನಿಮ್ಮ ಕಂಪ್ಯೂಟರಿನಲ್ಲಿ ಈ ಡಿಎಲ್‌ಎಲ್ ಇಲ್ಲ. ವಿಂಡೋಸ್ 10ರಲ್ಲಿ ಬರುವುದು: ಈ ಡಿಎಲ್‌ಎಲ್ ಸಿಗಲಿಲ್ಲ, ಅದಕ್ಕೇ ಮುಂದುವರಿಯಲು ಆಗುತ್ತಿಲ್ಲ. ಎರಡನೆಯದೇ ಸರಿಯಾದ ಮಾತು. ಪ್ರೋಗ್ರಾಂಗೆ ಗೊತ್ತಿರುವುದು ಅಷ್ಟೇ. ಅದು ಮೊದಲು ತನ್ನದೇ ಫೋಲ್ಡರಿನಲ್ಲಿ, ಆಮೇಲೆ ವಿಂಡೋಸ್‌ನ ಫೋಲ್ಡರುಗಳಲ್ಲಿ, ಕೊನೆಗೆ ‘ಪಾತ್’ ಪಟ್ಟಿಯಲ್ಲಿರುವ ಜಾಗಗಳಲ್ಲಿ ಹುಡುಕುತ್ತದೆ. ಅಲ್ಲೆಲ್ಲೂ ಸಿಗದಿದ್ದರೆ ಕೈಚೆಲ್ಲುತ್ತದೆ.

ಫೈಲು ಇದ್ದೂ ಸಿಗದೆ ಹೋಗುವುದು ಇಲ್ಲಿ ಜಾಸ್ತಿ. ಕಾಫಿ ತೋಟದ ಲೆಕ್ಕಕ್ಕೆ ಹಳೆಯ 32 ಬಿಟ್ ಸಾಫ್ಟ್‌ವೇರನ್ನೇ ನೆಚ್ಚಿಕೊಂಡವರು ಇನ್ನೂ ಇದ್ದಾರೆ. ಹೊಸ ಕಂಪ್ಯೂಟರ್ 64 ಬಿಟ್ಟಿನದು. ಎಂಎಸ್‌ವಿಸಿಪಿ140 ಎಂಬ ಡಿಎಲ್‌ಎಲ್ ಸಿಸ್ಟಮ್32ರಲ್ಲಿ ಕಣ್ಣಿಗೇ ಕಾಣುತ್ತಿರುತ್ತದೆ, ಪ್ರೋಗ್ರಾಂ ಮಾತ್ರ ಸಿಗಲಿಲ್ಲ ಎನ್ನುತ್ತದೆ. ಯಾಕೆಂದರೆ 64 ಬಿಟ್ ವಿಂಡೋಸ್‌ನಲ್ಲಿ ಸಿಸ್ಟಮ್32 ಫೋಲ್ಡರಿನಲ್ಲಿ ಇರುವುದು 64 ಬಿಟ್ ಫೈಲುಗಳು. 32 ಬಿಟ್ಟಿನವು ಇರುವುದು ಸಿಸ್‌ವಾವ್64ರಲ್ಲಿ. (ಹೆಸರಿಟ್ಟವರಿಗೆ ನಮಸ್ಕಾರ!) 32 ಬಿಟ್ ಪ್ರೋಗ್ರಾಂಗೆ 32 ಬಿಟ್ ಡಿಎಲ್‌ಎಲ್ಲೇ ಆಗಬೇಕು. 32 ಬಿಟ್ ಪ್ರೋಗ್ರಾಂ ಸಿಸ್ಟಮ್32ರ ಬಾಗಿಲು ತಟ್ಟಿದರೂ ವಿಂಡೋಸ್ ಅದನ್ನು ಸಿಸ್‌ವಾವ್64ಕ್ಕೆ ತಿರುಗಿಸುತ್ತದೆ. ಇದಕ್ಕೆ ಮದ್ದು ಬಿಡಿ ಫೈಲಲ್ಲ. ಮೈಕ್ರೋಸಾಫ್ಟ್‌ನ ಸೈಟಿನಿಂದಲೇ, ಈ ಡಿಎಲ್‌ಎಲ್ ಇರುವ ವಿಷುಯಲ್ ಸಿ ಪ್ಲಸ್ ಪ್ಲಸ್ ರೀಡಿಸ್ಟ್ರಿಬ್ಯೂಟಬಲ್‌ನ 32 ಬಿಟ್ ಕಂತೆಯನ್ನೂ ಹಾಕಿಕೊಳ್ಳಬೇಕು. ‘ಕಾಣೆಯಾಗಿದೆ’ ಎಂದು ಓದಿದವನಿಗೆ ಈ ದಾರಿ ಹೊಳೆಯುವುದೇ ಇಲ್ಲ. ‘ಸಿಗಲಿಲ್ಲ’ ಎಂದರೆ, ಎಲ್ಲಿ ಹುಡುಕಿತು ಎಂಬ ಪ್ರಶ್ನೆ ತಾನಾಗಿ ಬರುತ್ತದೆ.

ಆದರೆ ಜನರ ಬಾಯಲ್ಲಿ ಇವೆರಡೂ ಇಲ್ಲ. ಅವರು ಹೇಳುವುದು ‘ಡಿಎಲ್‌ಎಲ್ ಹೋಗಿದೆ’. ಈ ‘ಹೋಗಿದೆ’ ಭಾರೀ ಚುರುಕು ಪದ. ಬಲ್ಬ್ ಹೋಗಿದೆ ಎಂದರೆ ಕೆಟ್ಟಿದೆ, ಕರೆಂಟ್ ಹೋಗಿದೆ ಎಂದರೆ ಇಲ್ಲ. ಡಿಎಲ್‌ಎಲ್ ವಿಷಯದಲ್ಲಿ ಎರಡೂ ಆಗುತ್ತದೆ. ಆಂಟಿವೈರಸ್ ಅದನ್ನು ಎತ್ತಿ ಬೇರೆ ಕಡೆ ಕೂಡಿಹಾಕಿದರೆ ಫೈಲು ನಿಜವಾಗಿಯೂ ಇದ್ದ ಜಾಗದಲ್ಲಿ ಇರುವುದಿಲ್ಲ. ಆಗ ಆಂಟಿವೈರಸ್‌ನ ಪಟ್ಟಿಯನ್ನು ನೋಡಬೇಕು. ಮಳೆಗಾಲದಲ್ಲಿ ಅಪ್‌ಡೇಟ್ ನಡುವೆ ಕರೆಂಟ್ ಕೈಕೊಟ್ಟರೆ ಫೈಲು ಇದ್ದೂ ಕೆಟ್ಟಿರಬಹುದು. ಅದು ವಿಂಡೋಸ್‌ನದೇ ಫೈಲಾದರೆ, ಕೆಟ್ಟ ಫೈಲುಗಳನ್ನು ಹುಡುಕಿ ಸರಿಪಡಿಸುವ ಎಸ್‌ಎಫ್‌ಸಿ ಸ್ಕ್ಯಾನ್‌ನೌ ಆಜ್ಞೆ ಕೊಡಬೇಕು, ಅದರಿಂದಲೂ ಸರಿಹೋಗದಿದ್ದರೆ ಡಿಸ್ಮ್ ಎಂಬ ಇನ್ನೊಂದು ದುರಸ್ತಿ ಆಜ್ಞೆ. ಬೇರೆ ಪ್ರೋಗ್ರಾಂನದಾದರೆ ಆ ಪ್ರೋಗ್ರಾಂ ಅನ್ನೇ ಮತ್ತೆ ಇನ್‌ಸ್ಟಾಲ್ ಮಾಡುವುದು ಒಳ್ಳೆಯದು. ಮದ್ದು ಬೇರೆ ಬೇರೆ ಆದ್ದರಿಂದ ಕೈಪಿಡಿಯಲ್ಲಿ ‘ಹೋಗಿದೆ’ ಒಂದನ್ನೇ ಬಳಸುವಂತಿಲ್ಲ. ಮಾತಿನಲ್ಲಿ ಇರಲಿ, ತೊಂದರೆಯಿಲ್ಲ.

ಸದ್ಯಕ್ಕೆ ನಾನು ‘ಸಿಗಲಿಲ್ಲ’, ‘ಇಲ್ಲ’, ‘ಕೆಟ್ಟಿದೆ’ ಎಂದು ಮೂರನ್ನು ಬೇರೆ ಬೇರೆಯಾಗಿ ಬರೆಯುತ್ತಿದ್ದೇನೆ. ಲಿನಕ್ಸ್ ಬಳಸುವವರಿಗೂ ಇದು ಹೊಂದುತ್ತದೆ. ಅಲ್ಲಿ ಎಲ್‌ಡಿಡಿ ಆಜ್ಞೆ ಕೊಟ್ಟರೆ, ಪ್ರೋಗ್ರಾಂಗೆ ಬೇಕಾದ ಪ್ರತಿ ಲೈಬ್ರರಿಯ ಮುಂದೆ ಅದು ಸಿಕ್ಕ ಜಾಗ, ಇಲ್ಲವೇ ಸಿಗಲಿಲ್ಲ ಎಂದು ಬರುತ್ತದೆ.

‘ಎರರ್’ಗೆ ‘ದೋಷ’ ಬಿಟ್ಟು ಬೇರೆ ಏನಾದರೂ ಇದೆಯೇ? ನನಗೆ ‘ತೊಂದರೆ’ ಸಾಕು ಅನಿಸುತ್ತದೆ. ಹುಡುಕುವ ಜಾಗಗಳ ಕ್ರಮಕ್ಕೆ ‘ಹುಡುಕುಸಾಲು’ ಎಂದು ಬರೆದಿದ್ದೇನೆ, ಸ್ವಲ್ಪ ಬಲವಂತ ಅನಿಸುತ್ತಿದೆ. ನಿಮ್ಮ ಕಡೆ ಇವಕ್ಕೆ ಏನು ಬಳಸುತ್ತೀರಿ ತಿಳಿಸಿ. ಮುಖ್ಯವಾಗಿ ‘ಕೂಡುಕಣಜ’ ಎಂದರೆ ಮೈಸೂರು, ಧಾರವಾಡದ ಕಡೆಯವರಿಗೆ ಥಟ್ಟನೆ ಅರ್ಥವಾಗುತ್ತದೆಯೇ?