ಹಮಾಲಿ ಪಾತ್ರಕ್ಕೆ ಸಂಚಾರಿ ವಿಜಯ್ ಅವರ ಯಾವ ಸಿನಿಮಾ ನೋಡಲಿ?

ಕಡೂರು ರಂಗಗೆಳೆಯ:
ನಮ್ಮ ತಂಡದ ಹೊಸ ನಾಟಕದಲ್ಲಿ ನನ್ನದು ಈರುಳ್ಳಿ ಮಂಡಿಯ ಹಮಾಲಿ ಪಾತ್ರ. ಮಗಳ ಫೀಸಿಗೆ ಎಲ್ಲೂ ದುಡ್ಡು ಹುಟ್ಟದೆ ಮಂಡಿಗೆ ವಾಪಸ್ ಬರುವ ದೃಶ್ಯವಿದೆ. ಅಲ್ಲಿ ಎದೆ ಬಡಿದುಕೊಂಡು ಅಳಬೇಕು ಅಂತ ತಂಡದವರ ಹಟ. ನನಗೆ ಒಪ್ಪಿಗೆ ಇಲ್ಲ. ವಿಜಯ್ ನಮ್ಮ ತಾಲ್ಲೂಕಿನವರೇ, ಸಿಂಗಟಗೆರೆ ಹೋಬಳಿಯ ರಂಗಾಪುರ. ನಾಟಕದಿಂದಲೇ ಸಿನಿಮಾಕ್ಕೆ ಹೋದವರು. ಅವರು ಮಾಡಿದ ಬಡವರ ಪಾತ್ರಗಳನ್ನು ನೋಡಿದರೆ ‘ಅಯ್ಯೋ ಪಾಪ’ ಅನ್ನಿಸುವುದಕ್ಕೆ ಮೊದಲು ‘ಇವರನ್ನು ಎಲ್ಲೋ ನೋಡಿದ್ದೀನಲ್ಲ’ ಅನ್ನಿಸುತ್ತದೆ. ಅದು ಹೇಗೆ ಬರುತ್ತದೆ?

ಅರಸೀಕೆರೆ ಪ್ರೇಕ್ಷಕ:
ವಿಜಯ್ ಅವರಿಗೆ ರಾಷ್ಟ್ರಪ್ರಶಸ್ತಿ ಬಂದಿದ್ದು ‘ನಾನು ಅವನಲ್ಲ... ಅವಳು’ ಚಿತ್ರದ ನಟನೆಗೆ. ಆದರೆ ನೀವು 2014ರ ‘ಹರಿವು’ ನೋಡಿ. ಮಗನಿಗೆ ಚಿಕಿತ್ಸೆ ಕೊಡಿಸಲು ಬೆಂಗಳೂರಿಗೆ ಬಂದ ಅಪ್ಪ. ಮಗ ತೀರಿಕೊಳ್ಳುತ್ತಾನೆ. ಊರಿಗೆ ಒಯ್ಯಲು ಗಾಡಿಗೆ ಕಾಸಿಲ್ಲ. ಹೆಣವನ್ನು ಟ್ರಂಕಿನಲ್ಲಿಟ್ಟು ಬಸ್ಸಿಗೆ ಹೊರಡುತ್ತಾನೆ. ಜೋರಾಗಿ ಅತ್ತರೆ ಗುಟ್ಟು ಬಯಲಾಗುತ್ತದೆ ಅಲ್ವಾ? ಅವನಿಗೆ ಅಳುವುದಕ್ಕೂ ಬಿಡುವಿಲ್ಲ. ನಿಮ್ಮ ಹಮಾಲಿಗೂ ಆ ದೃಶ್ಯದಲ್ಲಿ ಏನಾದರೂ ಕೆಲಸ ಕೊಡಿ.

ಬೀಗದ ಅಂಗಡಿ, ಚಿಕ್ಕಮಗಳೂರು:
ವಿಜಯ್ ತೀರಿಕೊಂಡ ಮೇಲೆ 2021ರಲ್ಲಿ ಬಂದ ‘ಪುಕ್ಸಟ್ಟೆ ಲೈಫು’ ಕೂಡ ನೋಡಿ. ಅದರಲ್ಲಿ ಬೀಗ ರಿಪೇರಿಯವನು. ನನ್ನದೂ ಅದೇ ಕಸುಬು. ಬೀಗದ ಒಳಗಿನದು ಕಣ್ಣಿಗೆ ಕಾಣೋದಿಲ್ಲ, ಎಲ್ಲಿ ಹಿಡಿಯುತ್ತದೆ ಅಂತ ಬೆರಳಿಗೆ ಗೊತ್ತಾಗಬೇಕು. ಕಸುಬು ಮೊದಲು ಕೈಗೆ ಹತ್ತಲಿ, ಮುಖದ ಚಿಂತೆ ಆಮೇಲೆ.

ಮಂಡಿ ಹುಡುಗಿ:
ನಮ್ಮಪ್ಪ ಹಮಾಲಿ. ನಾಟಕಗಳಲ್ಲಿ ಹುಲ್ಲು ತುಂಬಿದ ಚೀಲ ಹೊತ್ತು ತೂರಾಡುವುದನ್ನು ನೋಡಿದರೆ ನನಗೆ ಬೇಜಾರಾಗುತ್ತದೆ. ನಿಜವಾದ ಹಮಾಲಿ ತೂರಾಡುವುದಿಲ್ಲ. ಇಬ್ಬರು ಮೂಟೆ ಎತ್ತಿ ಕೊಡುತ್ತಾರೆ. ಬೆನ್ನಿಗೆ ಕೂತ ಮೇಲೆ ಚಿಕ್ಕ ಚಿಕ್ಕ ಹೆಜ್ಜೆ, ಬೇಗ ಬೇಗ. ನಿಂತರೇ ಭಾರ ಜಾಸ್ತಿ. ಫೀಸಿನ ಕಷ್ಟವನ್ನು ಅಪ್ಪ ಮಂಡಿಯಲ್ಲಿ ಯಾರ ಮುಂದೆಯೂ ಆಡಿದವರಲ್ಲ. ಮೇಸ್ತ್ರಿ ಹತ್ತಿರ ಮುಂಗಡ ಕೇಳುತ್ತಿದ್ದರು, ಅಷ್ಟೇ. ಕೇಳುವಾಗ ಮಾತ್ರ ಹೆಗಲ ಮೇಲಿನ ಟವೆಲ್ ಕೈಗೆ ಬರುತ್ತಿತ್ತು. ಸಿಕ್ಕಲಿಲ್ಲ ಅಂದರೆ ಟವೆಲ್ ತಲೆಗೆ ಸುತ್ತಿ ಮುಂದಿನ ಲಾರಿಗೆ ಹೋಗುತ್ತಿದ್ದರು.

ಕಡೂರು ರಂಗಗೆಳೆಯ:
ಅಕ್ಕ, ನನ್ನ ದೃಶ್ಯ ಇದೇ. ಮೇಸ್ತ್ರಿ ಪಾತ್ರ ಒಂದು ಸೇರಿಸಿ ಎಂದು ಇವತ್ತೇ ತಂಡದಲ್ಲಿ ಕೇಳುತ್ತೇನೆ. ಅಭ್ಯಾಸಕ್ಕೆ ನಿಜವಾದ ಮೂಟೆಯನ್ನೇ ಹೊರಲಾ?

ಮಂಡಿ ಹುಡುಗಿ:
ಹೊರಿ. ಆದರೆ ಮೊದಲು ಅರ್ಧ ಮೂಟೆ. ಎತ್ತಿ ಕೊಡಲು ಇಬ್ಬರು ಇರಲೇಬೇಕು, ಒಬ್ಬರೇ ಎತ್ತಲು ಹೋಗಿ ಸೊಂಟ ಹಿಡಿಸಿಕೊಳ್ಳಬೇಡಿ.