ಒಲಿವೇರಾನ ಇತಿಹಾಸದ ಸಿನಿಮಾಗಳು ತಲೆಗೆ ಹತ್ತುತ್ತಿಲ್ಲ, ಎಲ್ಲಿಂದ ಶುರು ಮಾಡಲಿ?

ಬೆಂಗಳೂರಿನಿಂದ, ಕೇಳುತ್ತಿರುವವಳು:
ಎರಡು ವರ್ಷದ ಕೆಲಸಕ್ಕೆ ಪೋರ್ಚುಗಲ್ಲಿನ ಪೋರ್ಟೊಗೆ ಹೊರಟಿದ್ದೀನಿ. ಅದೇ ಊರಿನ ನಿರ್ದೇಶಕ ಮನೊಯೆಲ್ ದ ಒಲಿವೇರಾ, ಅವನ ಇತಿಹಾಸದ ಸಿನಿಮಾ ನೋಡ್ಕೊಂಡು ಬಾ ಅಂತ ಅಲ್ಲಿನ ಸಹೋದ್ಯೋಗಿ ಹೇಳಿದ್ರು. 1990ರ 'ನೊನ್' ಹಾಕಿದೆ. ಮೊದಲು ಒಂದು ಭಾರೀ ಮರ, ಕ್ಯಾಮೆರಾ ಅದನ್ನೇ ನೋಡ್ತಾ ಸುತ್ತುತ್ತೆ. ಆಮೇಲೆ ಲಾರಿಯಲ್ಲಿ ಕೂತ ಸೈನಿಕರು ಮಾತಾಡ್ತಾರೆ, ಮಾತಾಡ್ತಾನೇ ಇರ್ತಾರೆ. ಅರ್ಧ ಗಂಟೆಗೆ ಆಫ್ ಮಾಡಿದೆ. ನೋಡಿದವರು ದಾರಿ ಹೇಳಿ.

ಮುಂಬೈಯಿಂದ:
2003ರ 'ಉಮ್ ಫಿಲ್ಮ್ ಫಲಾದು' ನೋಡಿ, ಅಂದ್ರೆ ಮಾತಿನ ಸಿನಿಮಾ. ಒಂದೂವರೆ ಗಂಟೆ, ಅಷ್ಟೇ. ಇತಿಹಾಸದ ಮೇಡಂ ಒಬ್ಬಳು ಪುಟ್ಟ ಮಗಳನ್ನು ಕರ್ಕೊಂಡು ಲಿಸ್ಬನ್ನಿನಿಂದ ಹಡಗು ಹತ್ತುತ್ತಾಳೆ. ಗಂಡ ಪೈಲಟ್, ಅವನನ್ನು ಸೇರಬೇಕಾದದ್ದು ನಮ್ಮ ಮುಂಬೈಯಲ್ಲಿ. ಪಾಂಪೆ, ಅಥೆನ್ಸ್, ಇಸ್ತಾಂಬುಲ್, ಪಿರಮಿಡ್ಡು, ಏಡನ್. ಎಲ್ಲಾ ಕಡೆ ಮಗು ಕೇಳುತ್ತೆ, ತಾಯಿ ಉತ್ತರ ಹೇಳ್ತಾಳೆ. ಹಾಗಾಗಿ ನೀವು ಏನೂ ಓದಿಕೊಂಡು ಕೂರಬೇಕಾಗಿಲ್ಲ.

ಕ್ಯಾಪ್ಟನ್ನಿನ ಊಟದ ಟೇಬಲ್ ಮರೆಯೋಕಾಗಲ್ಲ. ಅಮೆರಿಕದವನು, ಫ್ರೆಂಚ್, ಇಟಾಲಿಯನ್, ಗ್ರೀಕ್ ಹೆಂಗಸರು ತಂತಮ್ಮ ಭಾಷೆಯಲ್ಲೇ ಮಾತಾಡ್ತಾರೆ, ಎಲ್ಲರಿಗೂ ಅರ್ಥ ಆಗುತ್ತೆ. ನಮ್ಮ ಲೋಕಲ್ ಟ್ರೈನಲ್ಲಿ ದಿನಾ ನಡೆಯೋದೇ ಬಿಡಿ. ಆದರೆ ಪೋರ್ಚುಗೀಸ್ ಮೇಡಂ ಬಂದು ಕೂತಾಗ ಎಲ್ಲರೂ ಇಂಗ್ಲಿಷಿಗೆ ತಿರುಗ್ತಾರೆ, ಯಾಕಂದ್ರೆ ಅವಳ ಭಾಷೆ ಅಲ್ಲಿ ಯಾರಿಗೂ ಬರಲ್ಲ. ಅರ್ಧ ಪ್ರಪಂಚಕ್ಕೆ ಹಡಗು ಕಳಿಸಿದವರ ಭಾಷೆ!

ಕಾರವಾರದಿಂದ:
'ನೊನ್' ಅನ್ನು ದಯವಿಟ್ಟು ಬಿಡಬೇಡಿ. ವಾಸ್ಕೊ ಡ ಗಾಮಾ 1498ರಲ್ಲಿ ತಂಗಿದ್ದ ಅಂಜದೀವ ದ್ವೀಪ ನಮ್ಮೂರಿಂದ ದೂರವಿಲ್ಲ. ಶಾಲೆಯಲ್ಲಿ ನಮಗೆ ಪೋರ್ಚುಗೀಸರು ಅಂದರೆ ತೋಪು, ಹಡಗು, 1510ರ ಗೋವಾ. ಗೆದ್ದವರು. ಹಾಗೇ ಅಂದುಕೊಂಡು ಈ ಸಿನಿಮಾ ನೋಡಿದೆ. ಎರಡು ಗಂಟೆಯ ಹತ್ತಿರ ಹತ್ತಿರ ಅವರು ಸೋಲುತ್ತಲೇ ಇದ್ದಾರೆ!

ನಿಮ್ಮ ಲಾರಿ ಹೊರಟಿರುವುದು ಆಫ್ರಿಕಾದ ವಸಾಹತು ಯುದ್ಧಕ್ಕೆ. ಅದರಲ್ಲಿರುವ ಕಬ್ರೀತ ಎಂಬ ಕಿರಿಯ ಅಧಿಕಾರಿ ಸೈನಿಕರಿಗೆ ತಮ್ಮ ದೇಶದ ಕತೆ ಹೇಳುತ್ತಾನೆ. ಆರಿಸಿಕೊಳ್ಳುವುದೆಲ್ಲ ಸೋಲುಗಳು: ರೋಮನ್ನರ ವಿರುದ್ಧ ಹೋರಾಡಿ ತನ್ನವರ ಕೈಯಲ್ಲೇ ಸತ್ತ ನಾಯಕ ವಿರಿಯಾತು, 1476ರಲ್ಲಿ ತೋರು ಎಂಬ ಊರಿನ ಕಾಳಗ, 1578ರಲ್ಲಿ ಮೊರಾಕ್ಕೊದ ಅಲ್ಕಾಸರ್ ಕಿಬೀರ್‌ನಲ್ಲಿ ದೊರೆ ಸೆಬಾಸ್ತಿಯಾಂವ್ ಮಣ್ಣುಪಾಲಾದದ್ದು. ಲಾರಿಯಲ್ಲಿ ಕೂತ ನಟರೇ ಹಳೆಯ ಯುದ್ಧಗಳಲ್ಲಿ ಕವಚ ತೊಟ್ಟು ಬರುತ್ತಾರೆ. ಮುಖ ನೆನಪಿಟ್ಟುಕೊಂಡು ನೋಡಿ, ಆಗ ಆ ಹರಟೆಯ ಬೆಲೆ ತಿಳಿಯುತ್ತದೆ. ತೋರುವಿನಲ್ಲಿ ಬಾವುಟ ಹಿಡಿದವನ ಒಂದು ಕೈ ಹೋಗುತ್ತದೆ, ಇನ್ನೊಂದೂ ಹೋಗುತ್ತದೆ, ಬಾವುಟವನ್ನು ಹಲ್ಲಿನಲ್ಲಿ ಕಚ್ಚಿ ನಿಲ್ಲುತ್ತಾನೆ. ಇದನ್ನು ವೀರಗಾಥೆ ಅನ್ನಬೇಕೋ ಹುಚ್ಚು ಅನ್ನಬೇಕೋ ಎಂದು ನಿರ್ದೇಶಕ ಹೇಳುವುದಿಲ್ಲ. ಕಬ್ರೀತ ಸಾಯುವ ದಿನ 25 ಏಪ್ರಿಲ್ 1974. ಲಿಸ್ಬನ್ನಿನಲ್ಲಿ ಸರ್ವಾಧಿಕಾರ ಬಿದ್ದ ದಿನವೂ ಅದೇ.

ನನಗೊಂದು ತಕರಾರಿದೆ. ನಡುವೆ ಪೋರ್ಚುಗೀಸ್ ಮಹಾಕವಿ ಕಮೋಯಿಂಶನ ಕಾವ್ಯದ ಪ್ರೇಮದ್ವೀಪ ಬರುತ್ತದೆ, ವಾಸ್ಕೊನ ನಾವಿಕರಿಗೆ ಅಪ್ಸರೆಯರು. ಹಳೆ ಕ್ಯಾಲೆಂಡರ್ ಚಿತ್ರದ ಹಾಗಿದೆ. ನಿರ್ದೇಶಕನಿಗೆ ಅದೊಂದೇ ನಿಜವಾದ ವೈಭವ. ಆ ಹಡಗುಗಳನ್ನು ಈ ದಡದಿಂದ ನೋಡಿದವರಿಗೆ ಕತೆಯಲ್ಲಿ ಜಾಗವಿಲ್ಲ.

ಪುತ್ತೂರಿನಿಂದ:
ತಾಳಮದ್ದಳೆ ಕೇಳಿ ಅಭ್ಯಾಸ ಉಂಟಾ? ಹಾಗಾದರೆ 2000ದ 'ಪಲಾವ್ರ ಇ ಉತೊಪಿಯ' ನಿಮಗೆ ಕಷ್ಟವೇ ಇಲ್ಲ. ವೇಷ, ಕುಣಿತ ಏನೂ ಬೇಡ, ಕೂತಲ್ಲೇ ಅರ್ಥಗಾರಿಕೆ. ಆಂತೋನಿಯು ವಿಯೇರ (1608–1697) ಎಂಬ ಜೆಸ್ಯೂಟ್ ಪಾದ್ರಿಯ ಕತೆ. ಬ್ರೆಜಿಲ್‌ನ ಮೂಲನಿವಾಸಿಗಳನ್ನು ಗುಲಾಮರಾಗಿಸುವುದರ ವಿರುದ್ಧ ಪ್ರವಚನ ಮಾಡಿದವ, ಇನ್‌ಕ್ವಿಸಿಶನ್ ಎಂಬ ಚರ್ಚಿನ ಧರ್ಮನ್ಯಾಯಾಲಯದ ವಿಚಾರಣೆ ಎದುರಿಸಿದವ. ಯೌವನ, ನಡುವಯಸ್ಸು, ಮುಪ್ಪಿಗೆ ಮೂವರು ನಟರು. ಯೌವನದವ ಒಲಿವೇರಾನ ಮೊಮ್ಮಗನೇ. ಒಬ್ಬನ ದನಿ ಇಳಿದಲ್ಲಿ ಇನ್ನೊಬ್ಬನ ದನಿ ಏರುತ್ತದೆ.

ನಾನು ಮೊದಲ ಸಲ ಸಬ್‌ಟೈಟಲ್ ಓದುವುದರಲ್ಲೇ ಸುಸ್ತಾದೆ. ಎರಡನೇ ಸಲ ಒಂದೊಂದು ಪ್ರವಚನವನ್ನು ಸಬ್‌ಟೈಟಲ್ ತೆಗೆದು ಬರೀ ಕೇಳಿದೆ, ಮತ್ತೆ ಹಿಂದೆ ಹೋಗಿ ಓದಿದೆ. ಆಗ ರುಚಿ ಹತ್ತಿತು. ಅಂದ ಹಾಗೆ 'ನೊನ್' ಹೆಸರಿನ ಹಿಂದೆಯೂ ಈ ವಿಯೇರನೇ ಇದ್ದಾನೆ. ಲ್ಯಾಟಿನ್ನಿನ 'ಇಲ್ಲ' ಎನ್ನುವ ಆ ಪದವನ್ನು ಯಾವ ತುದಿಯಿಂದ ಹಿಡಿದರೂ 'ಇಲ್ಲ'ವೇ, ಅದು ಭಯಂಕರ ಪದ ಎಂದಿದ್ದ.

ಇದಾದ ಮೇಲೆ 2004ರ 'ಐದನೇ ಸಾಮ್ರಾಜ್ಯ' ನೋಡಬಹುದು. ಅಲ್ಲಿ ಅದೇ ಮೊಮ್ಮಗ ಸೆಬಾಸ್ತಿಯಾಂವ್, ಕತ್ತಲೆ ಅರಮನೆಯಲ್ಲಿ ಯುದ್ಧದ ಕನಸು ಕಾಣುತ್ತಾ ಕೂತಿರುತ್ತಾನೆ. ನಮ್ಮಲ್ಲಿ ತಾಳಿಕೋಟೆ ಯುದ್ಧ ಆಗುವಾಗ ಲಿಸ್ಬನ್ನಿನ ಸಿಂಹಾಸನದಲ್ಲಿ ಇದ್ದದ್ದು ಇದೇ ಹುಡುಗ.

ಧಾರವಾಡದಿಂದ:
'ಅಮೋರ್ ದ ಪರ್ದಿಸಾಂವ್' ಮಾತ್ರ ಮೊದಲಿಗೆ ಮುಟ್ಟಬ್ಯಾಡ್ರಿ. ನಾಲ್ಕು ತಾಸಿನ ಮ್ಯಾಲ ಐತಿ. ಒಂದು ಫಿಲ್ಮ್ ಸೊಸೈಟಿಯವ್ರು ಪ್ರೇಮಕಥಿ ಅಂತ ಹಾಕಿದ್ರು, ನಲ್ವತ್ತು ಮಂದಿ ಕುಂತಿದ್ವಿ. ಸಬ್‌ಟೈಟಲ್ ಒಂದು ಮಾತು ಹಿಂದ ಓಡ್ತಿತ್ತು. ಹುಡುಗಿ ಅಳೂಮುಂದ ಅಪ್ಪನ ಬೈಗುಳ ಬರತಿತ್ತು. ಚಾ ಬಿಟ್ಟ ಮ್ಯಾಲ ಎಂಟು ಮಂದಿ ಉಳದ್ವಿ. ಆದ್ರೂ ಮನಿಯಾಗ ನಾಲ್ಕು ರಾತ್ರಿ ಭಾಗಾ ಮಾಡಿ ನೋಡಿದ್ರ ಛಲೋ ಐತಿ. ಮೊದ್ಲ ಅದು ಟಿವಿಗೆ ಕಂತಿನ್ಯಾಗ ಬಂದಿದ್ದು, ಹಂಗ ನೋಡೋದ ಖರೆ.

ಪೋರ್ಟೊದಾಗ ಇರತೀರಲ್ಲ, ಈ ಕಾದಂಬರಿ ಬರದ ಕಮೀಲು ಕಶ್ತೆಲು ಬ್ರಾಂಕು ಅದನ್ನ ಬರದದ್ದು ಅಲ್ಲಿಯ ಜೇಲಿನ್ಯಾಗ. ಆ ಕಟ್ಟಡ ಈಗ ಫೋಟೋಗ್ರಫಿ ಕೇಂದ್ರ, ಹೋಗಿ ನೋಡ್ರಿ. ಕಥಾನಾಯಕಗ ಆಗೋ ಶಿಕ್ಷಾ ಏನ್ ಗೊತ್ತೇನ್ರಿ? ಭಾರತಕ್ಕ ಗಡೀಪಾರು. ಪಾಪ, ಹಡಗಿನ್ಯಾಗ ತೀರಿಕೋತಾನ.

ಪೋರ್ಟೊದಲ್ಲಿ ಕೆಲಕಾಲ ಇದ್ದವನು:
ಒಲಿವೇರಾನ ವಯಸ್ಸು ತಿಳಿದುಕೊಂಡು ನೋಡಿದರೆ ಆ ನಿಧಾನದ ಮೇಲೆ ಸಿಟ್ಟು ಬರುವುದಿಲ್ಲ. ಹುಟ್ಟಿದ್ದು 1908, ತೀರಿಕೊಂಡದ್ದು 2015, 106 ವರ್ಷಕ್ಕೆ. ಕಾರ್ಖಾನೆ ಮನೆತನ, ಹರೆಯದಲ್ಲಿ ಕಾರ್ ರೇಸ್ ಓಡಿಸುತ್ತಿದ್ದವನು. 1942ರ 'ಅನಿಕಿ ಬೊಬೊ' ಆದ ಮೇಲೆ ಮುಂದಿನ ಪೂರ್ಣ ಪ್ರಮಾಣದ ಚಿತ್ರ ಬಂದದ್ದು 1963ರಲ್ಲಿ. ಸರ್ವಾಧಿಕಾರಿ ಸಲಾಜಾರ್ ಕಾಲ, ಅದೇ ವರ್ಷ ಗುಪ್ತ ಪೊಲೀಸರು ಹಿಡಿದು ಒಳಗೂ ಹಾಕಿದ್ದರು. 1974ರ ಕ್ರಾಂತಿ ಬಂತು, ಆಗ ಕಾರ್ಖಾನೆಯೂ ಹೋಯಿತು, ಆಮೇಲೆ ಮನೆಯೂ. ಎರಡೂ ಕಡೆಯಿಂದ ಪೆಟ್ಟು ತಿಂದವನು 81ನೇ ವಯಸ್ಸಿನಲ್ಲಿ ದೇಶದ ಸೋಲುಗಳನ್ನು ಎಣಿಸುತ್ತಾ ಕೂತದ್ದೇ 'ನೊನ್'. ಅಲ್ಲಿಂದಾಚೆ ವರ್ಷಕ್ಕೊಂದರಂತೆ ಸಿನಿಮಾ ಮಾಡಿದ.

ಪೋರ್ಟೊ ಬೇಕಿದ್ದರೆ 1931ರ ಅವನ ಮೊದಲ ಚಿತ್ರ ನೋಡಿ, ದೋರು ನದಿಯ ದಂಡೆಯ ದುಡಿಮೆಯದು. ಇಪ್ಪತ್ತು ನಿಮಿಷ, ಮಾತಿಲ್ಲ! ಹೋದ ಮೇಲೆ ನೀವು ಸಂಜೆ ವಾಕ್ ಮಾಡುವ ಜಾಗವೇ ಅದು.

ಬೆಂಗಳೂರಿನಿಂದ, ಕೇಳಿದವಳು:
ಎಲ್ಲರಿಗೂ ಥ್ಯಾಂಕ್ಸ್. ನಿನ್ನೆ ರಾತ್ರಿ 'ನೊನ್' ಮತ್ತೆ ಹಾಕಿ, ಬಾವುಟ ಕಚ್ಚಿ ನಿಲ್ಲೋವರೆಗೂ ಬಂದೆ. ಲಾರಿಯಲ್ಲಿದ್ದ ಒಬ್ಬನನ್ನು ಕವಚದಲ್ಲಿ ಗುರುತು ಹಿಡಿದೆ. ಭಾನುವಾರ ಹಡಗಿನ ಸಿನಿಮಾ, ಏಳು ವರ್ಷದ ಮಗಳ ಜೊತೆ. ಧಾರವಾಡದವರ ನಾಯಕನಂತೂ ಭಾರತ ಮುಟ್ಟಲಿಲ್ಲ, ಈ ತಾಯಿ ಮಗಳಾದ್ರೂ ಮುಂಬೈ ಮುಟ್ತಾರಾ?

ಮುಂಬೈಯಿಂದ:
ಹೇಳಲ್ಲ. ಆದರೆ ಮಗಳನ್ನು ಕೂರಿಸೋ ಮುಂಚೆ ಕೊನೆಯ ಹತ್ತು ನಿಮಿಷ ನೀವೊಬ್ಬರೇ ನೋಡಿ.